ಆರ್. ನರಸಿಂಹಾಚಾರ್ಯರ ಪುಸ್ತಕಗಳು: ಹಾಸನ, ಚಿಕ್ಕಮಗಳೂರು ಕಡೆಯ ಓದುಗರು ಯಾವುದನ್ನು ಕೊಳ್ಳಬೇಕು, ಯಾವುದನ್ನು ಬಿಡಬಹುದು

ಬೇಲೂರಿಗೋ ಬೆಳಗೊಳಕ್ಕೋ ಹೋಗುವವರು ದೇವಸ್ಥಾನದ ಮುಂದೆ ಮಾರುವ ಬಣ್ಣದ ಚಿತ್ರಗಳ ಪುಸ್ತಕ ಕೊಂಡು ಸುಮ್ಮನಾಗುತ್ತಾರೆ. ಅದರಲ್ಲಿರುವ ನಿಜವಾದ ಮಾಹಿತಿಯ ಬಹುಪಾಲು ಆರ್. ನರಸಿಂಹಾಚಾರ್ಯರು (1860–1936) ನೂರು ವರ್ಷದ ಹಿಂದೆ ಬರೆದದ್ದರಿಂದ ಹರಿದು ಬಂದದ್ದು, ಅದೂ ಅಲ್ಲಲ್ಲಿ ಸೋರಿಹೋಗಿ. ಮೂಲವನ್ನೇ ಓದಬಹುದಾಗಿರುವಾಗ ಸೋರಿದ್ದನ್ನು ಯಾಕೆ ಓದಬೇಕು? ಅವರು ಮೈಸೂರು ಸಂಸ್ಥಾನದ ಪ್ರಾಚ್ಯವಸ್ತು ಇಲಾಖೆಯನ್ನು 1906ರಿಂದ 1922ರವರೆಗೆ ನಡೆಸಿದವರು, ಜೊತೆಗೆ ಕನ್ನಡ ಕಾವ್ಯದ ದೊಡ್ಡ ವಿದ್ವಾಂಸರು. ಹಳೆಯ ಕಾವ್ಯ, ಶಾಸನ, ಗುಡಿ, ಹಳ್ಳಿ ಸುತ್ತಾಟ, ಇವೆಲ್ಲ ಒಬ್ಬರದೇ ಕೈಯಲ್ಲಿ ಬಂದಿರುವುದರಿಂದ ನಮ್ಮ ಎರಡು ಜಿಲ್ಲೆಗಳ ಮಟ್ಟಿಗೆ ಈ ಪುಸ್ತಕಗಳಿಗೆ ಬೇರೆಯೇ ಬೆಲೆ. ಆದರೆ ಎಲ್ಲವನ್ನೂ ಕೊಳ್ಳಬೇಕಾಗಿಲ್ಲ, ಎಲ್ಲವನ್ನೂ ನಂಬಬೇಕಾಗಿಯೂ ಇಲ್ಲ. ಅವರು ಕಣ್ಣಾರೆ ಕಂಡು ಬರೆದುಕೊಂಡದ್ದನ್ನು ಧೈರ್ಯವಾಗಿ ನಂಬಬಹುದು. ಊಹಿಸಿ ಹಾಕಿದ ಕಾಲವನ್ನು ಮಾತ್ರ ಇನ್ನೊಂದು ಕಡೆ ನೋಡಿಯೇ ನಂಬಬೇಕು.

ಮೊದಲು ‘ಕರ್ಣಾಟಕ ಕವಿಚರಿತೆ’. ಮೂರು ಸಂಪುಟ: 1907, 1919, 1929. ಮೊದಲನೆಯದರ ಮೊದಲ ಮುದ್ರಣದಲ್ಲಿ ಎಸ್.ಜಿ. ನರಸಿಂಹಾಚಾರ್ಯರೂ ಜೊತೆಗಿದ್ದರು. ಆಮೇಲೆ ಅದೇ ಸಂಪುಟ 1924ರಲ್ಲಿ ಪರಿಷ್ಕಾರಗೊಂಡು ಬಂತು. ಪುಕ್ಕಟೆ ಸಿಗುವ ಸ್ಕ್ಯಾನ್ ಪ್ರತಿಗಳಲ್ಲಿ ಇವೆರಡೂ ಬೆರೆತುಕೊಂಡಿವೆ. ಇಳಿಸಿಕೊಂಡ ಕೂಡಲೇ ಮುಖಪುಟದ ಇಸವಿ ನೋಡಿ. 1907ರದ್ದಾದರೆ ಪಕ್ಕಕ್ಕಿಟ್ಟು 1924ರದ್ದನ್ನೇ ಹುಡುಕಿ. ಮುದ್ರಿತ ಪುಸ್ತಕವೇ ಬೇಕೆನ್ನುವವರಿಗೆ ಕನ್ನಡ ಸಾಹಿತ್ಯ ಪರಿಷತ್ತಿನ ಮರುಮುದ್ರಣ ಇದೆ. ಹಳೆಯ ಪುಸ್ತಕದ ಅಂಗಡಿಗಳಲ್ಲಿ ಮೂರೂ ಒಟ್ಟಿಗೆ ಸಿಗುವುದು ಅಪರೂಪ. ಒಂದೇ ಸಿಕ್ಕಿದರೂ ಅದು ಮೊದಲ ಸಂಪುಟವಾಗಿದ್ದರೆ ಬಿಡಬೇಡಿ, ಹೊಯ್ಸಳರ ಕಾಲದ ಕವಿಗಳೆಲ್ಲ ಅದರಲ್ಲೇ ಇದ್ದಾರೆ.

ಇದನ್ನು ಮೊದಲಿಂದ ಕೊನೆಯವರೆಗೆ ಓದಲು ಹೊರಟವರು ಐವತ್ತು ಪುಟಕ್ಕೆ ಕೈಬಿಡುತ್ತಾರೆ. ಇದು ಹಾಗೆ ಓದುವ ಪುಸ್ತಕವಲ್ಲ. ಸಾವಿರಕ್ಕೂ ಹೆಚ್ಚು ಕವಿಗಳು ಅಕಾರಾದಿಯಲ್ಲಲ್ಲ, ಕಾಲದ ಕ್ರಮದಲ್ಲಿ ಬರುತ್ತಾರೆ. ಒಬ್ಬೊಬ್ಬರಿಗೂ ಒಂದೇ ಅಚ್ಚು: ಹೆಸರು, ಇಸವಿ, ಬರೆದ ಗ್ರಂಥ, ಮತ, ತಂದೆತಾಯಿ, ಗುರು, ಆಶ್ರಯ ಕೊಟ್ಟ ದೊರೆ, ಹಿಂದಿನ ಯಾವ ಕವಿಗಳನ್ನು ಹೊಗಳಿದ್ದಾನೆ, ಆಮೇಲೆ ಗ್ರಂಥದ ವಿಷಯ, ಕೊನೆಗೆ ಮಾದರಿಗೆ ಕೆಲವು ಪದ್ಯ. ಕಾವ್ಯ ಚೆನ್ನಾಗಿದೆಯೋ ಇಲ್ಲವೋ ಅನ್ನುವುದನ್ನು ಎರಡು ಮಾತಿನಲ್ಲಿ ಮುಗಿಸಿಬಿಡುತ್ತಾರೆ. ವಿಮರ್ಶೆ ಹುಡುಕುವವರಿಗೆ ಇಲ್ಲಿ ಹೊಟ್ಟೆ ತುಂಬುವುದಿಲ್ಲ. ಸಾಕ್ಷಿ ಹುಡುಕುವವರಿಗೆ ಮಾತ್ರ ಇಂಥ ಇನ್ನೊಂದು ಪುಸ್ತಕ ಕನ್ನಡದಲ್ಲಿಲ್ಲ ಎಂದೇ ಹೇಳಬೇಕು.

ಇಸವಿಯ ಮುಂದೆ ‘ಸು.’ (ಸುಮಾರು) ಇದೆಯೋ ಇಲ್ಲವೋ ಎಂದು ಮೊದಲು ನೋಡಿ. ಇಲ್ಲದಿದ್ದರೆ ಕವಿಯೇ ತನ್ನ ಗ್ರಂಥದಲ್ಲಿ ಶಕವರ್ಷ ಹೇಳಿಕೊಂಡಿದ್ದಾನೆ ಎಂದು ಬಹುಮಟ್ಟಿಗೆ ಅರ್ಥ. ಪಂಪನ ಆದಿಪುರಾಣಕ್ಕೆ ಶಕ 863, ಅಂದರೆ 941. ಜನ್ನನ ಯಶೋಧರಚರಿತೆಗೆ ಶಕ 1131, ಅಂದರೆ 1209. ಇಂಥವು ಅಲುಗಾಡುವುದಿಲ್ಲ. ‘ಸು.’ ಇದ್ದರೆ ಅದು ಯಾರು ಯಾರನ್ನು ಹೆಸರಿಸಿದ್ದಾರೆ, ಯಾವ ರಾಜನ ಪ್ರಸ್ತಾಪವಿದೆ ಎಂಬುದರ ಮೇಲೆ ಕಟ್ಟಿದ ಲೆಕ್ಕ. ಈ ಲೆಕ್ಕಗಳಲ್ಲಿ ಹಲವು ಆಮೇಲೆ ಬದಲಾಗಿವೆ. ಕಡೂರು ತಾಲ್ಲೂಕಿನ ದೇವನೂರಿನವರು ತಮ್ಮವನೇ ಎನ್ನುವ ಲಕ್ಷ್ಮೀಶನ ವಿಷಯದಲ್ಲಂತೂ 16ನೆಯ ಶತಮಾನವೋ 17ನೆಯದೋ ಎಂಬ ವಾದವೇ ದೊಡ್ಡದು. ಊರು ದೇವನೂರೋ ಸುರಪುರವೋ ಎನ್ನುವ ಜಗಳ ಬೇರೆ. ಇಂಥಲ್ಲಿ ಕವಿಚರಿತೆಯ ಒಂದು ಅಂಕಿ ಹಿಡಿದು ವಾದಕ್ಕೆ ಇಳಿಯಬಾರದು. ಪರೀಕ್ಷೆಗೆ, ಲೇಖನಕ್ಕೆ ಬಳಸುವವರು ‘ಸು.’ ಅನ್ನು ಕೈಬಿಟ್ಟು ಬರೆಯುವುದೇ ಹೆಚ್ಚಾಗಿ ಆಗುವ ತಪ್ಪು.

ಜನ್ನನ ಭಾಗವನ್ನು ನಮ್ಮ ಕಡೆಯವರು ತಪ್ಪದೆ ಓದಬೇಕು. ಹೊಯ್ಸಳ ದೊರೆ ವೀರಬಲ್ಲಾಳನ ಕಾಲದ ಈ ಕವಿ ಕಾವ್ಯಕ್ಕೆ ಮುಂಚೆಯೇ ಶಾಸನಗಳನ್ನು ರಚಿಸಿದ್ದಾನೆ. 1191ರ ಚನ್ನರಾಯಪಟ್ಟಣದ 179ನೆಯ ಶಾಸನ ಒಂದು, ತರೀಕೆರೆಯ 45ನೆಯ ಶಾಸನ ಇನ್ನೊಂದು. ಎರಡನೆಯದು ಇರುವುದು ಅಮೃತಾಪುರದ ಅಮೃತೇಶ್ವರ ದೇವಸ್ಥಾನದಲ್ಲಿ. ಗುಡಿ ಕಟ್ಟಿದ್ದು 1196ರಲ್ಲಿ, ಕಟ್ಟಿಸಿದವನು ಅಮೃತೇಶ್ವರ ದಂಡನಾಯಕ. ಮುಖಮಂಟಪದ ಹತ್ತಿರ ನಿಂತಿರುವ ಆ ದೊಡ್ಡ ಕಲ್ಲನ್ನು ಫೋಟೋಕ್ಕೆ ಹಿನ್ನೆಲೆ ಮಾಡಿಕೊಂಡು ಹೋಗುವವರೇ ಬಹಳ. ಕನ್ನಡದ ಒಬ್ಬ ಮಹಾಕವಿಯ ಪದ್ಯಗಳು ಹೊರಗೆ ಹಾಗೆ ನಿಂತಿವೆ ಎಂಬುದು ಅಲ್ಲಿ ಯಾರಿಗೂ ಗೊತ್ತಾಗುವಂತಿಲ್ಲ. ಮೊದಲ ಸಂಪುಟದ ಜನ್ನನ ಪುಟಗಳು, ಬಿ.ಎಲ್. ರೈಸರು ಶಾಸನಗಳಿಗೆ ತಾಲ್ಲೂಕುವಾರು ಸಂಖ್ಯೆ ಕೊಟ್ಟು ತಂದ ಸಂಪುಟಮಾಲೆ ‘ಎಪಿಗ್ರಾಫಿಯಾ ಕರ್ನಾಟಿಕ’ದ 6ನೆಯ ಸಂಪುಟದಲ್ಲಿ ತರೀಕೆರೆ 45ರ ಪಾಠ, ಇವೆರಡರ ಪ್ರಿಂಟ್ ತೆಗೆದುಕೊಂಡು ಹೋದರೆ ಅರ್ಧ ದಿನ ಅಲ್ಲೇ ಕಳೆಯಬಹುದು.

ಆ 6ನೆಯ ಸಂಪುಟವನ್ನು ‘ಚಿಕ್ಕಮಗಳೂರು’ ಎಂದು ಹುಡುಕಿದರೆ ಸಿಗುವುದಿಲ್ಲ. ಆಗ ಅದು ಕಡೂರು ಜಿಲ್ಲೆ. ಹೆಸರು ಬದಲಾದದ್ದು 1947ರಲ್ಲಿ. ಹಾಸನ ಜಿಲ್ಲೆಯದು 5ನೆಯ ಸಂಪುಟ. ಅದರಲ್ಲಿ ಸಕಲೇಶಪುರದ ಕಡೆಯ ಶಾಸನಗಳನ್ನು ಮಂಜರಾಬಾದ್ ಎಂಬ ಹೆಸರಿನಡಿ ನೋಡಬೇಕು.

ಈಗ ಶ್ರವಣಬೆಳಗೊಳ. ನರಸಿಂಹಾಚಾರ್ಯರ ಕೆಲಸಗಳಲ್ಲಿ ಹಾಸನದವರಿಗೆ ಅತಿ ಹೆಚ್ಚು ಉಪಯೋಗವಾಗುವುದು ಯಾವುದು ಎಂದರೆ 1923ರ ‘ಎಪಿಗ್ರಾಫಿಯಾ ಕರ್ನಾಟಿಕ’ 2ನೆಯ ಸಂಪುಟದ ಪರಿಷ್ಕೃತ ಮುದ್ರಣ. 1889ರಲ್ಲಿ ರೈಸ್ ಪ್ರಕಟಿಸಿದಾಗ ಅದರಲ್ಲಿ ಇದ್ದದ್ದು 144 ಶಾಸನ. ನರಸಿಂಹಾಚಾರ್ಯರು ಎರಡು ಬೆಟ್ಟ, ಊರು, ಸುತ್ತಲಿನ ಹಳ್ಳಿಗಳನ್ನು ಮತ್ತೆ ಜಾಲಾಡಿ ಅದನ್ನು 500 ಮಾಡಿದರು. ಪೀಠಿಕೆ ಇಂಗ್ಲಿಷಿನಲ್ಲಿದೆ, ಬಸದಿಗಳ ವರ್ಣನೆ, ಗೊಮ್ಮಟನ ಕಥೆ, ರಾಜವಂಶಗಳು ಎಲ್ಲ ಅದರಲ್ಲಿ ಬರುತ್ತವೆ. ಇಂಗ್ಲಿಷ್ ಓದದವರೂ ಈ ಪುಸ್ತಕವನ್ನು ಬಿಡಬೇಕಾಗಿಲ್ಲ, ಶಾಸನಗಳ ಪಾಠ ಕನ್ನಡ ಲಿಪಿಯಲ್ಲೂ ಇದೆ. ನೇರವಾಗಿ ಆ ಭಾಗಕ್ಕೆ ಹೋಗಿ.

ಮುಗ್ಗರಿಸುವುದು ಸಂಖ್ಯೆಯಲ್ಲಿ. ರೈಸರು ಕೊಟ್ಟ ಸಂಖ್ಯೆಯನ್ನು ನರಸಿಂಹಾಚಾರ್ಯರು ಬದಲಾಯಿಸಿದರು. ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆ 1973ರಲ್ಲಿ ತಂದ ಮುದ್ರಣದಲ್ಲಿ ಶಾಸನಗಳು 573 ಆದವು, ಸಂಖ್ಯೆ ಮತ್ತೆ ಬದಲಾಯಿತು. ಗೊಮ್ಮಟನನ್ನು ಕುರಿತ ಬೊಪ್ಪಣಪಂಡಿತನ ಪ್ರಸಿದ್ಧ ಶಾಸನ ರೈಸರಲ್ಲಿ 85, ನರಸಿಂಹಾಚಾರ್ಯರಲ್ಲಿ 234. ಲೇಖನವೊಂದರಲ್ಲಿ ‘ಶ್ರ.ಬೆ. 85’ (ಶ್ರವಣಬೆಳಗೊಳ 85) ಎಂದು ಕಂಡು 1923ರ ಪುಸ್ತಕದಲ್ಲಿ 85 ತೆಗೆದರೆ ಯಾವುದೋ ಬೇರೆ ಶಾಸನ ಎದುರಾಗುತ್ತದೆ. ಅಡಿಟಿಪ್ಪಣಿಯಲ್ಲಿ ಸಂಖ್ಯೆಯ ಪಕ್ಕ ಆವರಣದಲ್ಲಿ ಇನ್ನೊಂದು ಸಂಖ್ಯೆ ಕಂಡರೆ ಅದು ಹಿಂದಿನ ಮುದ್ರಣದ್ದು ಎಂದು ತಿಳಿಯಿರಿ. ನೀವೇ ಬರೆಯುವಾಗ ಸಂಖ್ಯೆಯ ಜೊತೆ ಮುದ್ರಣದ ಇಸವಿಯನ್ನೂ ಕೊಡಿ, ಮುಂದಿನವರಿಗೆ ತೊಂದರೆ ತಪ್ಪುತ್ತದೆ.

ಆ ಬೊಪ್ಪಣನ ಶಾಸನ ಗೊಮ್ಮಟ ನಿಂತಿರುವ ದೊಡ್ಡಬೆಟ್ಟದ ಮೇಲಿದೆ. ‘ಅತಿತುಂಗಾಕೃತಿಯಾದೊಡೆ’ ಎಂದು ಶುರುವಾಗುವ ಪದ್ಯವನ್ನು ಕನ್ನಡ ಎಂ.ಎ. ಮಾಡಿದವರು ಬಾಯಿಪಾಠ ಹೇಳುತ್ತಾರೆ. ತೀರ ಎತ್ತರವಾದರೆ ಚೆಲುವು ಇರುವುದಿಲ್ಲ, ಎತ್ತರವೂ ಚೆಲುವೂ ಇದ್ದರೆ ಅತಿಶಯ ಇರುವುದಿಲ್ಲ, ಇಲ್ಲಿ ಮೂರೂ ಒಟ್ಟಿಗಿವೆ ಎನ್ನುವ ಪದ್ಯ. ಗೊಮ್ಮಟನ ಮುಂದೆ ನಿಂತು ಓದಿದರೆ ಇದು ಹೊಗಳಿಕೆಯ ಮಾತಾಗಿ ಅಲ್ಲ, ಅಳತೆ ನೋಡಿ ಬರೆದ ಮಾತಾಗಿ ಕೇಳಿಸುತ್ತದೆ. ಮೂರ್ತಿಯ ಕಾಲ ಹತ್ತಿರದ ಚಿಕ್ಕ ಬರಹಗಳನ್ನೂ ಪುಸ್ತಕ ಹಿಡಿದೇ ನೋಡಿ: ಚಾವುಂಡರಾಯ ‘ಮಾಡಿಸಿದಂ’ ಎಂದು ಕನ್ನಡದಲ್ಲಿ, ಅದೇ ಅರ್ಥದ ಮಾತು ತಮಿಳಿನಲ್ಲಿ, ಮರಾಠಿಯಲ್ಲಿ. ಸುತ್ತಾಲಯ, ಅಂದರೆ ಮೂರ್ತಿಯ ಸುತ್ತಲಿನ ಕಟ್ಟಡ, ವಿಷ್ಣುವರ್ಧನನ ದಂಡನಾಯಕ ಗಂಗರಾಜ ಕಟ್ಟಿಸಿದ್ದು ಎಂಬ ಬರಹವೂ ಅಲ್ಲೇ ಇದೆ.

ಶಾಸನ ಓದಿ ಅಭ್ಯಾಸವಿಲ್ಲದವರು ಚಿಕ್ಕಬೆಟ್ಟದ 7ನೆಯ ಶತಮಾನದ ನಿಸಿಧಿ ಬರಹಗಳಿಂದ (ವ್ರತ ಹಿಡಿದು ಪ್ರಾಣ ಬಿಟ್ಟ ಜೈನರ ನೆನಪಿನವು) ಶುರುಮಾಡಬಾರದು, ಆ ಅಕ್ಷರ ಇಂದಿನ ಕಣ್ಣಿಗೆ ಹಿಡಿಯುವುದಿಲ್ಲ. 12ನೆಯ ಶತಮಾನದ ಹೊಯ್ಸಳ ಶಾಸನ ಹಿಡಿಯಿರಿ. ಅಕ್ಷರ ದುಂಡಗೆ, ಒತ್ತೊತ್ತಾಗಿ ಇರುತ್ತದೆ. ಈಗಿನ ಕನ್ನಡಕ್ಕೆ ಬಹಳ ದೂರವಲ್ಲ. ಜೈನ ಶಾಸನವಾದರೆ ಮೊದಲ ಸಾಲು ಸಾಮಾನ್ಯವಾಗಿ ‘ಶ್ರೀಮತ್ಪರಮಗಂಭೀರಸ್ಯಾದ್ವಾದಾಮೋಘಲಾಂಛನಂ’, ಶೈವವಾದರೆ ‘ನಮಸ್ತುಂಗಶಿರಶ್ಚುಂಬಿ’. ಕೊನೆಯಲ್ಲಿ ‘ಸ್ವದತ್ತಾಂ ಪರದತ್ತಾಂ ವಾ’ ಎಂಬ ಶಾಪದ ಶ್ಲೋಕ. ಈ ಗೊತ್ತಿರುವ ಸಾಲುಗಳ ಮೇಲೆ ಬೆರಳಿಟ್ಟು ಒಂದೊಂದು ಅಕ್ಷರ ಗುರುತು ಮಾಡಿಕೊಂಡರೆ ಅರ್ಧ ವರ್ಣಮಾಲೆ ಕೈಗೆ ಬರುತ್ತದೆ, ಉಳಿದದ್ದನ್ನು ಪುಸ್ತಕದ ಪಾಠದ ಜೊತೆ ಹೊಂದಿಸಿ ಓದಬಹುದು. ಱ, ೞ ಎರಡನ್ನೂ ಪುಸ್ತಕ ಬಿಡದೆ ಅಚ್ಚುಮಾಡಿದೆ. ಇವನ್ನು ರ, ಳ ಎಂದು ಓದಿಕೊಂಡು ಹೋದರೆ ಅರ್ಥ ಹೆಚ್ಚು ಕೆಡುವುದಿಲ್ಲ, ಪ್ರಾಸ ಕೆಡುತ್ತದೆ.

ಬೆಳಕಿನ ವಿಷಯ. ನೆತ್ತಿಯ ಮೇಲೆ ಸೂರ್ಯ ಇದ್ದಾಗ ಬಂಡೆಯ ಬರಹ ಕಾಣಿಸುವುದೇ ಇಲ್ಲ, ತೋಡಿದ ಗೆರೆಯಲ್ಲಿ ನೆರಳು ಬೀಳುವುದಿಲ್ಲ. ಬೆಳಿಗ್ಗೆ ಬೇಗ ಅಥವಾ ಸಂಜೆ ಹೋಗಬೇಕು. ಒಳಗಿನ ಕಲ್ಲಿಗೆ ಟಾರ್ಚನ್ನು ನೇರ ಹಿಡಿಯದೆ ಪಕ್ಕದಿಂದ ಓರೆಯಾಗಿ ಹಿಡಿಯಬೇಕು. ಕೆಲವು ಬರಹಗಳಿಗೆ ಗಾಜು ಹಾಕಿದ್ದಾರೆ, ಅವು ಮಧ್ಯಾಹ್ನ ಕನ್ನಡಿಯ ಹಾಗೆ ಹೊಳೆಯುತ್ತವೆ. ದೊಡ್ಡಬೆಟ್ಟಕ್ಕೆ ಬರಿಗಾಲಲ್ಲೇ ಹತ್ತಬೇಕಾದ್ದರಿಂದ ಬಂಡೆ ಕಾಯುವ ಮುಂಚೆ ಇಳಿದುಬಿಡುವುದು ಎಲ್ಲ ಲೆಕ್ಕದಲ್ಲೂ ಒಳ್ಳೆಯದು. ಅಕ್ಷರ ಎದ್ದು ಕಾಣಲಿ ಎಂದು ಸೀಮೆಸುಣ್ಣ, ಅರಿಶಿನ, ನೀರು ಬಳಿಯುವವರು ಇದ್ದಾರೆ. ಕಲ್ಲಿಗೆ ಹಾನಿ, ಮೇಲಾಗಿ ಸಂರಕ್ಷಿತ ಸ್ಮಾರಕವಾದರೆ ಕಾನೂನಿನ ತೊಂದರೆ. ಓರೆ ಬೆಳಕು ಸಾಕು.

ತೇದಿ ಸರಿಹೊಂದಿಸುವುದು ಹೇಗೆ ಎಂಬುದನ್ನು ಇಲ್ಲೇ ಹೇಳಿಬಿಡಬೇಕು, ಈ ಪುಸ್ತಕಗಳಲ್ಲಿ ಅದು ಗೊತ್ತಿದೆ ಎಂದೇ ಹಿಡಿದು ಮುಂದೆ ಹೋಗುತ್ತಾರೆ. ಶಕವರ್ಷಕ್ಕೆ 78 ಕೂಡಿಸಿ. ತಿಂಗಳು ಮಾಘ, ಫಾಲ್ಗುಣವಾದರೆ ಅದು ಮುಂದಿನ ಇಸವಿಯ ಜನವರಿ–ಮಾರ್ಚಿಗೆ ಬೀಳುವುದರಿಂದ 79. ಆಮೇಲೆ ಸಂವತ್ಸರದ ಹೆಸರಿಂದ ತಾಳೆ ನೋಡಿ. ಬೇಲೂರಿನ ಪ್ರತಿಷ್ಠೆ ಶಕ 1039, ಹೇವಿಳಂಬಿ ಸಂವತ್ಸರ, ಚೈತ್ರ. 1039ಕ್ಕೆ 78 ಸೇರಿದರೆ 1117. ಈಚೆಗೆ ಹೇವಿಳಂಬಿ ಬಂದದ್ದು 2017ರ ಯುಗಾದಿಗೆ. 2017ರಿಂದ 1117 ಕಳೆದರೆ 900, ಅದು 60ರ ಮಗ್ಗಿಯಲ್ಲಿ ಬರುತ್ತದೆ, ತಾಳೆಯಾಯಿತು. ಒಂದು ವರ್ಷ ಹೆಚ್ಚುಕಡಿಮೆ ಬಂದರೆ ಹೆದರಬೇಕಾಗಿಲ್ಲ, ಬರೆದವನು ಮುಗಿದ ವರ್ಷಗಳನ್ನಷ್ಟೇ ಎಣಿಸುವ ಬದಲು ನಡೆಯುತ್ತಿರುವ ವರ್ಷವನ್ನೂ ಸೇರಿಸಿ ಎಣಿಸಿರುತ್ತಾನೆ. ಚಾವುಂಡರಾಯ ಪುರಾಣದ ಶಕ 900, ಈಶ್ವರ ಸಂವತ್ಸರ ಹೀಗೇ ಬರುವಂಥದ್ದು. ಶಕವರ್ಷವಿಲ್ಲದೆ ಬರೀ ಸಂವತ್ಸರದ ಹೆಸರಿದ್ದರೆ 60 ವರ್ಷಕ್ಕೊಮ್ಮೆ ಅದು ತಿರುಗಿ ಬರುವುದರಿಂದ, ರಾಜನ ಹೆಸರೋ ಲಿಪಿಯೋ ಹೇಳದ ಹೊರತು ಕಾಲ ಹೇಳಲಾಗದು. ನರಸಿಂಹಾಚಾರ್ಯರೂ ಅಲ್ಲಿ ‘ಸು.’ ಹಾಕಿಯೇ ಮುಂದೆ ಹೋಗುತ್ತಾರೆ.

ಪ್ರವಾಸಕ್ಕೆ ಬರುವ ಪುಸ್ತಕಗಳು ಮೂರು, ಮೂರೂ ಇಂಗ್ಲಿಷಿನಲ್ಲಿ, ಮೂರೂ ತೆಳ್ಳಗೆ: ಸೋಮನಾಥಪುರದ ಕೇಶವ ದೇವಾಲಯ (1917), ಬೇಲೂರಿನ ಕೇಶವ ದೇವಾಲಯ (1919), ದೊಡ್ಡಗದ್ದವಳ್ಳಿಯ ಲಕ್ಷ್ಮೀದೇವಿ ದೇವಾಲಯ (1919). ಹಳೇಬೀಡಿಗೆ ಇಂಥದ್ದೊಂದು ಈ ಮಾಲೆಯಲ್ಲಿ ಇಲ್ಲ, ಅದು ದೊಡ್ಡ ಕೊರತೆಯೇ. ಬೇಲೂರಿನದು ಕೊಂಡೊಯ್ಯಲು ಒಳ್ಳೆಯದು, ಯಾಕೆಂದರೆ ಶಿಲ್ಪಿಗಳು ಕೆತ್ತಿಕೊಂಡ ಹೆಸರುಗಳ ಮೇಲೆ ಇವರ ಕಣ್ಣಿದೆ. ಬಳ್ಳಿಗಾವೆಯ ದಾಸೋಜ, ಅವನ ಮಗ ಚಾವಣ, ಇವರು ಕಲ್ಲಿನ ಮೇಲೆ ಹೆಸರಿರುವ ಮನುಷ್ಯರು. ಗೈಡುಗಳ ಬಾಯಲ್ಲಿ ಎಲ್ಲವೂ ಜಕಣಾಚಾರಿಯದೇ ಆಗುತ್ತದೆ. ಮದನಿಕೆಯರು 42, ಹೊರಗೆ 38, ಒಳಗೆ 4. ಹೆಸರುಗಳು ಪೀಠದ ಅಂಚಿನಲ್ಲಿ ಚಿಕ್ಕ ಅಕ್ಷರದಲ್ಲಿ ಇರುವುದರಿಂದ ದುರ್ಬೀನು ಬೇಕೇ ಬೇಕು, ಫೋನಿನ ಜೂಮ್ ಸಾಲುವುದಿಲ್ಲ.

ನಿಜವಾದ ಲಾಭ ದೊಡ್ಡಗದ್ದವಳ್ಳಿಯ ಪುಸ್ತಕದಲ್ಲಿದೆ. 2023ರಲ್ಲಿ ಬೇಲೂರು, ಹಳೇಬೀಡು, ಸೋಮನಾಥಪುರ ಯುನೆಸ್ಕೊ ಪಟ್ಟಿ ಸೇರಿದ ಮೇಲೆ ಜನ ಅಲ್ಲಿಗೇ ನುಗ್ಗುತ್ತಾರೆ. ಹಾಸನದಿಂದ ಬೇಲೂರಿಗೆ ಹೋಗುವ ದಾರಿಯಲ್ಲಿ ಒಳಕ್ಕೆ ತಿರುಗಿದರೆ ಸಿಗುವ ಈ ಗುಡಿಯನ್ನು ದಾಟಿಕೊಂಡೇ ಹೋಗುತ್ತಾರೆ. ವಿಷ್ಣುವರ್ಧನನ ಕಾಲದಲ್ಲಿ, ಬೇಲೂರಿಗಿಂತಲೂ ಮುಂಚೆ, ಕುಲ್ಲಹಣ ರಾಹುತ ಎಂಬ ವ್ಯಾಪಾರಿ ಮತ್ತು ಅವನ ಹೆಂಡತಿ ಸಹಜಾದೇವಿ ಕಟ್ಟಿಸಿದ್ದು. ನಾಲ್ಕು ಗರ್ಭಗುಡಿಗಳ ಚತುಷ್ಕೂಟ. ಮೂರು ಶಿಖರ ಕದಂಬ ನಾಗರ ರೀತಿಯವು, ಮೆಟ್ಟಿಲು ಮೆಟ್ಟಿಲಾಗಿ ಏರುವಂಥವು. ಕಾಳಿಯ ಗುಡಿಯ ಬಾಗಿಲಲ್ಲಿ ಬೇತಾಳಗಳು ನಿಂತಿವೆ. ಆ ಕಾಳಿಯ ವಿಗ್ರಹ 2020ರಲ್ಲಿ ಒಡೆದುಹೋಯಿತು. ಹೀಗಿರುವಾಗ ನೂರು ವರ್ಷದ ಹಿಂದೆ ಒಬ್ಬರು ನಿಂತು ಬರೆದ ವರ್ಣನೆ ಬರೀ ಓದಿನ ವಸ್ತುವಲ್ಲ, ದಾಖಲೆ. ಯಾವುದೋ ಒಂದನ್ನೇ ಪ್ರಿಂಟ್ ತೆಗೆಸುವುದಾದರೆ ಇದನ್ನು ತೆಗೆಸಿ.

ಪ್ರಿಂಟ್ ತೆಗೆಸುವವರಿಗೆ ಎರಡು ಮಾತು. ಲೇಖಕರು ತೀರಿಕೊಂಡು 60 ವರ್ಷ ಕಳೆದಿರುವುದರಿಂದ ಅವರ ಬರಹಕ್ಕೆ ಹಕ್ಕುಸ್ವಾಮ್ಯದ ಅಡ್ಡಿ ಇಲ್ಲ. ಶಾಸನ ಸಂಪುಟಗಳ ಮೂಲ ಪುಟ ದೊಡ್ಡದು, ಎ4ಗೆ ಇಳಿಸಿದರೆ ಒತ್ತಕ್ಷರ ಮುದ್ದೆಯಾಗುತ್ತದೆ. ಬೇಕಾದ ಪುಟಗಳನ್ನಷ್ಟೇ ಎ3ಯಲ್ಲಿ ತೆಗೆಸಿ ಮಡಚಿಕೊಳ್ಳಿ. ಸ್ಕ್ಯಾನುಗಳಲ್ಲಿ ಛಾಯಾಚಿತ್ರಗಳು ಕಪ್ಪು ಮಸಿಯ ಹಾಗೆ ಬಂದಿರುತ್ತವೆ, ಮಡಚಿಟ್ಟ ನಕ್ಷೆಯನ್ನು ಬಿಡಿಸದೆಯೇ ಸ್ಕ್ಯಾನ್ ಮಾಡಿರುವುದೂ ಉಂಟು. ಒಂದೇ ಪುಸ್ತಕದ ಎರಡು ಮೂರು ಸ್ಕ್ಯಾನ್ ಇದ್ದರೆ ಚಿತ್ರದ ಪುಟ ತೆರೆದು ಹೋಲಿಸಿ ಆರಿಸಿಕೊಳ್ಳಿ. ಪುಟಸಂಖ್ಯೆ ಬಿಟ್ಟುಹೋಗಿದೆಯೇ ಎಂದೂ ಒಮ್ಮೆ ತಿರುವಿ ನೋಡಿ. ಹಳೆಯ ಅಚ್ಚಿನ ಕನ್ನಡದಲ್ಲಿ ಹುಡುಕುವ ಸೌಲಭ್ಯವನ್ನು ನಂಬಬೇಡಿ, ಱ ಬಂದಲ್ಲೆಲ್ಲ ಅದು ಎಡವುತ್ತದೆ.

ಪ್ರಾಚ್ಯವಸ್ತು ಇಲಾಖೆಯ ವಾರ್ಷಿಕ ವರದಿಗಳು ಕೂಡ ಒಂದು ಬಗೆಯ ಪ್ರವಾಸ ಕಥನವೇ. ಆ ವರ್ಷ ಯಾವ ಊರುಗಳಿಗೆ ಹೋದರು, ಯಾವ ಗುಡಿ ಯಾವ ಸ್ಥಿತಿಯಲ್ಲಿತ್ತು, ಯಾವ ಶಾಸನ ಸಿಕ್ಕಿತು ಎಂದು ಊರೂರಿನ ಲೆಕ್ಕ. ನಿಮ್ಮ ಊರಿನ ಹೆಸರು ಇರಬಹುದೆಂಬ ಕುತೂಹಲವಿದ್ದರೆ 1906ರಿಂದ 1922ರ ವರದಿಗಳನ್ನು ತಾಲ್ಲೂಕಿನ ಹೆಸರಿಂದ ತಿರುವಬೇಕು, ಊರಿನ ಇಂಗ್ಲಿಷ್ ಕಾಗುಣಿತ ಇವತ್ತಿನ ಹಾಗಿರುವುದಿಲ್ಲ.

ನಾಟಕಕ್ಕೆ ಇವರ ಹತ್ತಿರ ಹೋಗುವುದು ವ್ಯರ್ಥ. ಚಿಕ್ಕದೇವರಾಜ ಒಡೆಯರ ಕಾಲದ ಸಿಂಗರಾರ್ಯನ ‘ಮಿತ್ರವಿಂದಾ ಗೋವಿಂದ’ದಂಥ ಹಳೆಯ ಕೃತಿಯ ಸುದ್ದಿ ಬೇಕಾದರೆ ಸರಿ, ರಂಗದ ಮೇಲೆ ಏನಾಗುತ್ತಿತ್ತು ಎಂಬುದರ ಗೊಡವೆ ಇವರಿಗಿಲ್ಲ.

‘ಶಾಸನ ಪದ್ಯಮಂಜರಿ’ (1923) ಮಾತ್ರ ಕಾವ್ಯ ಓದುವವರು ತಪ್ಪದೆ ಇಟ್ಟುಕೊಳ್ಳಬೇಕು. ಶಾಸನಗಳಿಂದ ಒಳ್ಳೆಯ ಪದ್ಯಗಳನ್ನು ಆಯ್ದ ಪುಸ್ತಕ. ದಾನದ ಗದ್ದೆ, ಎಲ್ಲೆಯ ಕಲ್ಲು, ತೆರಿಗೆಯ ಲೆಕ್ಕ ದಾಟಿ ಪದ್ಯ ಹುಡುಕುವ ಕೆಲಸವನ್ನು ಅವರೇ ಮಾಡಿಕೊಟ್ಟಿದ್ದಾರೆ. ಕಂದಪದ್ಯದ ಲಯ ಗೊತ್ತಿರುವವರು ಗಟ್ಟಿಯಾಗಿ ಓದಿಕೊಳ್ಳಬಹುದು. ಗೊತ್ತಿಲ್ಲದವರು ಪಕ್ಕದಲ್ಲಿ ಹಳಗನ್ನಡದ ನಿಘಂಟು ಇಟ್ಟುಕೊಂಡು ದಿನಕ್ಕೆ ಎರಡು ಪದ್ಯದ ಮೇಲೆ ಹೋಗಬಾರದು.

ಇಂಗ್ಲಿಷಿನ ಎರಡು ಇತಿಹಾಸಗಳು, ಕನ್ನಡ ಭಾಷೆಯದು (1934), ಸಾಹಿತ್ಯದ್ದು (ಅವರು ತೀರಿಕೊಂಡ ಮೇಲೆ 1940ರಲ್ಲಿ ಬಂದದ್ದು), ಈಗ ಹಣ ಕೊಟ್ಟು ಕೊಳ್ಳುವಂಥವಲ್ಲ. ಭಾಷೆಯ ಇತಿಹಾಸ ಅಚ್ಚಾಗಿ ಎರಡು ವರ್ಷಕ್ಕೆ, 1936ರಲ್ಲಿ, ನಮ್ಮ ಬೇಲೂರು ತಾಲ್ಲೂಕಿನ ಹಲ್ಮಿಡಿಯ ಶಾಸನವನ್ನು ಎಂ.ಎಚ್. ಕೃಷ್ಣ ಬೆಳಕಿಗೆ ತಂದರು. ಸುಮಾರು 450ರ ಆ ಶಾಸನವಿಲ್ಲದೆ ಬರೆದ ಕನ್ನಡದ ಆರಂಭದ ಅಧ್ಯಾಯವನ್ನು ಇವತ್ತು ಹಾಗೆಯೇ ಒಪ್ಪಿಕೊಳ್ಳಲಾಗದು. ಸಾಹಿತ್ಯದ ಇತಿಹಾಸಕ್ಕೆ ಏಷ್ಯನ್ ಎಜುಕೇಷನಲ್ ಸರ್ವೀಸಸ್‌ನವರ 1988ರ ಮರುಮುದ್ರಣವಿದೆ, ಗ್ರಂಥಾಲಯದಲ್ಲಿ ಸಿಕ್ಕರೆ ನೋಡಿ. ಕವಿಚರಿತೆ ಇರುವವರಿಗೆ ಅದರಲ್ಲಿ ಹೊಸದೇನೂ ಹೆಚ್ಚಿಗೆ ಸಿಗುವುದಿಲ್ಲ.

ಶಾಸನ ಸಂಪುಟಗಳನ್ನು ಸಾರ್ವಜನಿಕ ಗ್ರಂಥಾಲಯದಲ್ಲಿ ಪರಾಮರ್ಶನ ವಿಭಾಗದಲ್ಲಿ ಕೇಳಬೇಕು, ಮನೆಗೆ ಕೊಡುವುದಿಲ್ಲ. ಕಾಗದ ಒಣಗಿ ಅಂಚು ಉದುರುವಂತಿದ್ದರೆ ಜೆರಾಕ್ಸ್ ಯಂತ್ರದ ಮೇಲೆ ಬೋರಲು ಹಾಕಿ ಒತ್ತಿಸಬೇಡಿ, ಬೆನ್ನು ಬಿರಿಯುತ್ತದೆ. ಕಿಟಕಿಯ ಬೆಳಕಿನಲ್ಲಿ ಫೋನಿನಿಂದ ಪುಟದ ಚಿತ್ರ ತೆಗೆದುಕೊಂಡರೆ ಸಾಕು. ಕವಿಚರಿತೆಯ ಹಳೆಯ ಪ್ರತಿ ಕೊಂಡವರು ಗಮ್ ಬೈಂಡಿಂಗ್ ಮಾಡಿಸದೆ ಹೊಲಿಗೆ ಬೈಂಡಿಂಗನ್ನೇ ಕೇಳಿ ಮಾಡಿಸಿ. ಬೈಂಡಿಂಗಿನವರು ಅಂಚನ್ನು ಕತ್ತರಿಸುವ ಮುಂಚೆ ಬೇಡವೆನ್ನಿ, ಹಿಂದಿನ ಓದುಗರು ಅಂಚಿನಲ್ಲಿ ಗುರುತುಹಾಕಿದ ಟಿಪ್ಪಣಿಗಳು ಕತ್ತರಿಸಿಹೋಗುತ್ತವೆ.